ಕೋರ್ಟಿನ ಹಪ್ಪಳ

ನಮ್ಮೂರಿನಲ್ಲಿ ಅರ್ಜಿ ಹಾಕಿದವನು ಸತ್ತುಹೋದರೂ, ಅರ್ಜಿ ಬಾಕಿ ಇರುವವರೆಗೆ ಕೋರ್ಟಿನಲ್ಲಿ ಹೆಸರು ಕೂಗಿದರೆ ಓಗೊಡುತ್ತಾನೆ. ದಫೇದಾರ್ ಖಾಸಿಂ ಸಾಬರು ಬಾಗಿಲಲ್ಲಿ ನಿಂತು ಮೂರು ಸಲ ಕೂಗುತ್ತಾರೆ. ಮೂರನೆಯ ಕೂಗು ಮುಗಿಯುವಷ್ಟರಲ್ಲಿ ಖಾಲಿ ಕಟಕಟೆಯಿಂದ ‘ಇದ್ದೀನಿ ಸ್ವಾಮಿ’ ಎಂಬ ದನಿ ಬರುತ್ತದೆ. ನ್ಯಾಯಾಧೀಶರು ಮುಂದಿನ ತಾರೀಖು ಕೊಡುತ್ತಾರೆ. ಅಷ್ಟೇ.

ಹೀಗಾಗಿ ಇಲ್ಲಿ ಯಾರಿಗೂ ಗೆಲ್ಲುವ ಆತುರವಿಲ್ಲ. ತಾರೀಖಿನ ದಿನ ಮನೆಮಂದಿಯೆಲ್ಲ ಮಿಂದು, ಮಡಿಕೆ ಬಿಚ್ಚಿದ ಬಟ್ಟೆ ಉಟ್ಟು, ಡಬ್ಬಿಯಲ್ಲಿ ಉಪ್ಪಿಟ್ಟು ತುಂಬಿಕೊಂಡು ಕೋರ್ಟಿನ ಜಗಲಿಗೆ ಬರುತ್ತಾರೆ. ಹೊಸ ಸೊಸೆಗೆ ಮಾವನ ದನಿ ಕೇಳಿಸುತ್ತಾರೆ. ಎದುರು ಪಕ್ಷದವರೂ ಸಹಕರಿಸುತ್ತಾರೆ. ಎಣ್ಣೆಗಾಣದ ಬೀದಿಯಲ್ಲಿ ಒಂದು ಬಾವಿಯ ನೀರಿನ ಪಾಲಿಗೆ ಒಬ್ಬ ಮುದುಕರು ಹಾಕಿದ್ದ ಅರ್ಜಿ ಇತ್ತು. ಮುದುಕರೂ ಹೋದರು, ಬಾವಿಯೂ ಬತ್ತಿತು. ಆದರೆ ಅವರೊಡನೆ ಜಗಳವಾಡಿದ್ದ ಪಕ್ಕದ ಮನೆಯವರೇ ದಿನಾ ಬೆಳಗ್ಗೆ ಎರಡು ಕೊಡ ನೀರು ತಂದು ಆ ಬಾವಿಗೆ ಸುರಿಯುತ್ತಿದ್ದರು. ನೀರಿಲ್ಲದಿದ್ದರೆ ತಕರಾರು ಎಲ್ಲಿಂದ ಬರಬೇಕು? ಮೇಲಿನಕೇರಿಯ ಒಬ್ಬ ಸೊಸೆ ಮಾತ್ರ ಅತ್ತೆ ತೀರಿಕೊಂಡ ಹದಿಮೂರನೆಯ ದಿನವೇ ಅತ್ತೆಯ ಅರ್ಜಿ ವಾಪಸು ಪಡೆದಳು. ಅವಳನ್ನು ಯಾರೂ ಬಯ್ಯಲಿಲ್ಲ. ಆ ಅತ್ತೆಯನ್ನು ಊರೆಲ್ಲ ಕಂಡಿತ್ತು.

ನಾನು ಮದುವೆಯಾಗಿ ಈ ಊರಿಗೆ ಬಂದವಳು. ವಿಶ್ವವಿದ್ಯಾಲಯದಲ್ಲಿ ತರ್ಕಶಾಸ್ತ್ರ ಓದಿದ್ದೆ. ಇಲ್ಲಿಗೆ ಬಂದಮೇಲೆ ಆ ವಿಷಯ ಯಾರ ಮುಂದೆಯೂ ಎತ್ತಲಿಲ್ಲ. ನನ್ನ ಗಂಡ ಮರುಳಸಿದ್ದ ಹೈಸ್ಕೂಲಿನಲ್ಲಿ ಡ್ರಾಯಿಂಗ್ ಮೇಷ್ಟರು. ದಿನಾ ಎಂಟೂವರೆಗೆ ಸೈಕಲ್ ಹತ್ತಿ ಶಾಲೆಗೆ ಹೊರಡುತ್ತಿದ್ದ. ಎದುರು ಮನೆಯ ಹಾಲಮ್ಮ ದಿನಾ ಎಂಟು ಗಂಟೆಗೆ ಹಪ್ಪಳ ಹಾಕುತ್ತಿದ್ದರು. ಅವರ ಬಾಗಿಲಿನಿಂದ ನಮ್ಮ ಗೇಟಿನವರೆಗೆ ಚಾಪೆ ಹಾಸಿ, ಚಾಪೆಯ ಮೇಲೆ ಸೀರೆ ಹಾಸಿ, ಸೀರೆಯ ಮೇಲೆ ಉದ್ದಿನ ಹಪ್ಪಳ. ನಮ್ಮ ಬೀದಿಯಲ್ಲಿ ಬಿಸಿಲು ಬೀಳುವುದು ಅಷ್ಟು ಜಾಗದಲ್ಲಿ ಮಾತ್ರ. ಗಂಡ ಸೈಕಲನ್ನು ಹೆಗಲ ಮೇಲೆ ಹೊತ್ತು, ಚಪ್ಪಲಿ ಕೈಯಲ್ಲಿ ಹಿಡಿದು, ಹಪ್ಪಳಗಳ ಸಂದಿಯಲ್ಲಿ ಬೆರಳೂರಿ ದಾಟುತ್ತಿದ್ದ. ಒಂದು ಸಲ ಮಗುಚಿಬಿದ್ದ. ಹನ್ನೊಂದು ಹಪ್ಪಳ ಹಾಳಾದವು. ಹಾಲಮ್ಮ ಅವನ ಅಜ್ಜಂದಿರನ್ನೆಲ್ಲ ನೆನೆದು ಬೈದರು. ಇವನು ಮಾರನೆಯ ದಿನ ಕೋರ್ಟಿಗೆ ಹೋಗಿ ಅರ್ಜಿ ಹಾಕಿದ.

ಅದಾಗಿ ನಾಲ್ಕು ತಿಂಗಳಿಗೆ ಮೂರೇ ದಿನದ ಜ್ವರದಲ್ಲಿ ಹೋದ.

ಆಮೇಲಿನದು ನನಗೆ ಸರಿಯಾಗಿ ನೆನಪಿಲ್ಲ. ಅಳು ಬರಲಿಲ್ಲ ಎಂಬುದು ಗೊತ್ತು. ನಾಲಗೆಗೆ ಉಪ್ಪು ಹುಳಿ ತಿಳಿಯುತ್ತಿರಲಿಲ್ಲ. ಹಾಲಮ್ಮ ದಿನಾ ಒಂದು ಲೋಟ ಸಾರು ತಂದಿಟ್ಟು, ಸೊಂಟದ ಮೇಲೆ ಕೈಯಿಟ್ಟು ನಿಂತು, “ಉಪ್ಪು ಸರಿ ಐತೇನೇ?” ಅನ್ನುತ್ತಿದ್ದರು. “ಸರಿ ಇದೆ” ಅನ್ನುತ್ತಿದ್ದೆ. ಲೋಟದಲ್ಲಿ ಸಾರು ಇತ್ತೋ ನೀರಿತ್ತೋ ನನಗೆ ತಿಳಿದಿರಲಿಲ್ಲ.

ನಮ್ಮ ವಕೀಲ ಪಂಚಾಕ್ಷರಿ ಒಂದು ದಿನ ಬಂದು, “ಅಮ್ಮಾ, ಸೋಮವಾರ ತಾರೀಖಿದೆ. ನೀವು ಬರಬೇಕು” ಅಂದರು. ಹೋದೆ. ಖಾಸಿಂ ಸಾಬರು ಕೂಗಿದರು: “ಮರುಳಸಿದ್ದಯ್ಯಾ! ಡ್ರಾಯಿಂಗ್ ಮೇಷ್ಟರು ಮರುಳಸಿದ್ದಯ್ಯಾ! ಅರ್ಜಿದಾರ ಮರುಳಸಿದ್ದಯ್ಯಾ!” ಕಟಕಟೆಯಲ್ಲಿ ಯಾರೋ ಗಂಟಲು ಸರಿಮಾಡಿಕೊಂಡರು. ಮಾತಿಗೆ ಮುಂಚೆ ಗಂಟಲು ಸರಿಮಾಡಿಕೊಳ್ಳುವುದು ಅವನ ಅಭ್ಯಾಸ. ಆಮೇಲೆ, “ಇದ್ದೀನಿ ಸ್ವಾಮಿ.”

ಎರಡು ವರ್ಷದಲ್ಲಿ ಹದಿನಾಲ್ಕು ತಾರೀಖು. ನಾನು ಹದಿನಾಲ್ಕು ಸಲ ಬದುಕಿದ್ದೆ ಎಂದರೆ ತಪ್ಪಾಗಲಾರದು.

ಈ ನಡುವೆ ಹಾಲಮ್ಮನ ಮಂಡಿ ಹೋಯಿತು. ಹಪ್ಪಳ ಲಟ್ಟಿಸಲು ಕೂತರೆ ಏಳಲು ಇಬ್ಬರು ಬೇಕು. ಕಸುಬು ಬಿಟ್ಟರು. ಆದರೆ ಕಡೆಯ ಸಲ ಮಾಡಿದ್ದರಲ್ಲಿ ನಲವತ್ತು ಹಪ್ಪಳ ತೆಗೆದು ಡಬ್ಬಿಯಲ್ಲಿಟ್ಟರು. ಕೋರ್ಟಿನ ಅಮೀನರು ಸ್ಥಳ ನೋಡಲು ಬರುವ ದಿನ ಅವನ್ನು ತೆಗೆದು, ಬೀದಿಗೆ ಅಡ್ಡವಾಗಿ ಹರಡಿ, ಕಾಗೆ ಓಡಿಸುವ ಕೋಲು ಹಿಡಿದು ಕೂರುತ್ತಿದ್ದರು. ಅಮೀನರು ‘ಅಡಚಣೆ ಮುಂದುವರಿದಿದೆ’ ಎಂದು ಬರೆದುಕೊಂಡು ಹೋಗುತ್ತಿದ್ದರು. ಹಾಲಮ್ಮ ಹಪ್ಪಳಗಳನ್ನು ಮತ್ತೆ ಡಬ್ಬಿಗೆ ತುಂಬುತ್ತಿದ್ದರು. ಬೀದಿಯವರು ಅವಕ್ಕೆ ಕೋರ್ಟಿನ ಹಪ್ಪಳ ಎಂದು ಹೆಸರಿಟ್ಟಿದ್ದರು. ಬರಬರುತ್ತ ಅವು ಹಂಚಿನ ಬಣ್ಣಕ್ಕೆ ತಿರುಗಿದವು. ಕೋಲು ದಂಡಕ್ಕಿತ್ತು. ಕಾಗೆಗಳು ಮೂಸಿಯೂ ನೋಡುತ್ತಿರಲಿಲ್ಲ.

“ನಿಮಗ್ಯಾಕೆ ಈ ಕಷ್ಟ?” ಎಂದು ಒಂದು ಸಲ ಕೇಳಿದೆ.

“ನಮ್ಮಪ್ಪಂದೂ ಒಂದು ಅರ್ಜಿ ಇತ್ತು ಕಣೆ ನೀಲಾ. ಒಂದು ತಾರೀಖು ಮರೆತೆ. ಅವತ್ತು ಒಬ್ಬಟ್ಟು ಮಾಡ್ತಾ ಕೂತಿದ್ದೆ, ಹಾಳಾದ್ದು. ಅಷ್ಟಕ್ಕೇ ವಜಾ ಆಗೋಯ್ತು. ಅವತ್ತಿಂದ ನಾನು ಒಬ್ಬಟ್ಟು ಮುಟ್ಟಿಲ್ಲ.” ಆಮೇಲೆ ದನಿ ಏರಿಸಿ, “ನಿನ್ ಗಂಡನ ಮೇಲೆ ನಂಗೆ ಸಿಟ್ಟು ಹೋಗಿಲ್ಲ, ಅದು ಬೇರೆ ವಿಷ್ಯ. ಹನ್ನೊಂದು ಹಪ್ಪಳ!” ಅಂದರು.

ಹೀಗೆ ನಡೆಯುತ್ತಿದ್ದಾಗ ಹೊಸ ನ್ಯಾಯಾಧೀಶರು ಬಂದರು. ಸಣ್ಣ ಆಳು, ದಪ್ಪ ಕನ್ನಡಕ, ನಿಧಾನದ ಮಾತು. ಮೊದಲ ವಾರ ಕಡತಗಳ ಕೋಣೆಯಲ್ಲೇ ಕೂತು ಓದಿದರು. ಎರಡನೆಯ ವಾರ ಬಾಗಿಲಿಗೆ ಒಂದು ಪ್ರಕಟಣೆ ಅಂಟಿತು. ಕೇಳಿದ ಪರಿಹಾರದಿಂದ ಈಗ ಯಾರಿಗೂ ಯಾವ ಪ್ರಯೋಜನವೂ ಇಲ್ಲದ ಅರ್ಜಿಗಳನ್ನು ಈ ತಿಂಗಳೊಳಗೆ ಮುಕ್ತಾಯ ಮಾಡಲಾಗುವುದು. ಸ್ಥಳವಿರುವ ಕಡೆ ನ್ಯಾಯಾಧೀಶರೇ ಖುದ್ದು ಬಂದು ನೋಡುವರು.

ಊರಿನಲ್ಲಿ ಗಡಿಬಿಡಿ ಎದ್ದಿತು. ಇಪ್ಪತ್ತು ವರ್ಷದ ಹಿಂದಿನ ಪರೀಕ್ಷೆ ಮುಂದೂಡಿಸಲು ಅರ್ಜಿ ಹಾಕಿದ್ದವನ ಮಕ್ಕಳು ಹಳೆಯ ಗೈಡುಗಳನ್ನು ಹುಡುಕತೊಡಗಿದರು. ಬಾವಿಗೆ ಎರಡರ ಬದಲು ಆರು ಕೊಡ ನೀರು ಬೀಳತೊಡಗಿತು. ಆದರೆ ಬಾವಿಯ ಅರ್ಜಿಯೇ ಮೊದಲು ಮುಗಿದದ್ದು. ಅವತ್ತು ನಾನೂ ಕೋರ್ಟಿನಲ್ಲಿದ್ದೆ. ಹಿಂದಿನ ಯಾವ ನ್ಯಾಯಾಧೀಶರೂ ಮಾಡದಿದ್ದ ಕೆಲಸವನ್ನು ಇವರು ಮಾಡಿದರು: ಮುದುಕರು ಓಗೊಟ್ಟ ಮೇಲೆ ತಾರೀಖು ಕೊಡದೆ, ಅವರನ್ನೇ ಕೇಳಿದರು.

“ಯಜಮಾನರೇ, ನಿಮ್ಮ ಅರ್ಜಿಯಿಂದ ಇನ್ನೇನಾದರೂ ಆಗಬೇಕಾ?”

“ಯಾವ ಅರ್ಜಿ ಸ್ವಾಮಿ?”

“ಬಾವಿಯದು.”

“ಅಯ್ಯೋ, ಇನ್ನೂ ಮುಗಿದಿಲ್ವಾ ಅದು?” ಕಟಕಟೆಯ ದನಿ ಬಹಳ ಬೇಸರದಲ್ಲಿತ್ತು. “ಮುಗ್ಸಿ ಸ್ವಾಮಿ, ಕೈಮುಗೀತೀನಿ. ಕರೆದಾಗಲೆಲ್ಲ ಎದ್ದು ಬಂದೂ ಬಂದೂ ಸಾಕಾಗಿದೆ.”

ಅವರ ಮಕ್ಕಳು ಒಬ್ಬರ ಮುಖ ಒಬ್ಬರು ನೋಡಿದರು. ಹಿರಿಯ ಮಗ ಮೊದಲು ಅತ್ತ, ಆಮೇಲೆ ನಕ್ಕ. ಪಕ್ಕದ ಮನೆಯವರು “ಎಷ್ಟು ಕೊಡ ಹೊತ್ತೆವಪ್ಪ!” ಎಂದು ಸೊಂಟ ಹಿಡಿದುಕೊಂಡರು. ಆದೇಶವಾಯಿತು. ಜಗಲಿಯಲ್ಲಿ ಎರಡೂ ಮನೆಯವರು ಸೇರಿ ಎಲ್ಲರಿಗೂ ಬೂಂದಿ ಹಂಚಿದರು. ನನಗೂ ಕೊಟ್ಟರು. ಸೆರಗಿನಲ್ಲಿ ಕಟ್ಟಿಕೊಂಡು ಮನೆಗೆ ಬಂದೆ. ಬಾಯಿಗೆ ಹಾಕಲಿಲ್ಲ. ಮರುಳಸಿದ್ದನಿಗೂ ಸಾಕಾಗಿದ್ದರೆ ಎಂಬ ಯೋಚನೆ ಅದುವರೆಗೆ ನನಗೆ ಬಂದಿರಲಿಲ್ಲ. ಬಂದಮೇಲೆ ಹೋಗಲಿಲ್ಲ.

ನಮ್ಮ ಬೀದಿಗೆ ನ್ಯಾಯಾಧೀಶರು ಬರುವ ದಿನ ಬುಧವಾರ ಎಂದು ಗೊತ್ತಾಯಿತು. ಹಾಲಮ್ಮ ಹಿಂದಿನ ಸಂಜೆಯೇ ಡಬ್ಬಿ ಒರೆಸಿ ಇಟ್ಟುಕೊಂಡರು. ಬುಧವಾರ ಬೆಳಗ್ಗೆ ಮೋಡ ಕವಿಯಿತು. ಎಂಟು ಗಂಟೆಗೆ ಸಣ್ಣಗೆ ಹನಿಯತೊಡಗಿತು. ನಾನು ಗೇಟು ತೆಗೆದು ನೋಡಿದರೆ, ಹಾಲಮ್ಮ ಗೋಣಿಚೀಲವನ್ನು ಕೊಪ್ಪೆ ಮಾಡಿ ತಲೆಗೆ ಹಾಕಿಕೊಂಡು, ಬೀದಿಯಲ್ಲಿ ಅಂಡೂರಿ ಜರುಗುತ್ತ ಹಪ್ಪಳ ಹಾಕುತ್ತಿದ್ದರು.

“ಹಾಲಮ್ಮಾ, ಮಳೆ!”

“ಗೊತ್ತು ಕಣೆ! ಕೊಡೆ ಹಿಡಿ ಬಾ!”

“ಮಳೆಯಲ್ಲಿ ಯಾರಾದರೂ ಹಪ್ಪಳ…”

“ನಲವತ್ತು ವರ್ಷ ಹಪ್ಪಳ ಮಾಡಿದೋಳಿಗೆ ನೀನು ಹೇಳಿಕೊಡ್ಬೇಡ. ಅವ್ರು ಬಂದಾಗ ಬೀದಿ ಖಾಲಿ ಇದ್ರೆ ನಿನ್ ಗಂಡ ಖಾಲಿ. ಹಿಡಿ ಕೊಡೆ.”

ಇದಕ್ಕೆ ತರ್ಕಶಾಸ್ತ್ರದಲ್ಲಿ ಉತ್ತರವಿರಲಿಲ್ಲ. ಕೊಡೆ ತಂದು ಹಿಡಿದೆ. ಕೊಡೆಯ ಕೆಳಗೆ ಆರು ಹಪ್ಪಳಕ್ಕೆ ಮಾತ್ರ ಜಾಗ. ನಾನು ಈ ತುದಿಯಿಂದ ಆ ತುದಿಗೆ ಓಡಾಡುತ್ತ ಒಂದೊಂದು ಸಾಲಿಗೆ ಸ್ವಲ್ಪ ಸ್ವಲ್ಪ ಹೊತ್ತು ಹಿಡಿದೆ. ಆಗಲೇ ನ್ಯಾಯಾಧೀಶರು ಬಂದರು. ಹಿಂದೆ ಪಂಚಾಕ್ಷರಿ, ಅವರ ಹಿಂದೆ ಕಡತ ಎದೆಗವಚಿಕೊಂಡ ಖಾಸಿಂ ಸಾಬರು. ಮೂವರೂ ಕೊಡೆ ಹಿಡಿದು ನಿಂತರು. ಹನಿ ಹಪ್ಪಳದ ಮೇಲೆ ಬಿದ್ದು ಟಪ್ ಟಪ್ ಅನ್ನುತ್ತಿತ್ತು.

“ಏನು ಮಾಡ್ತಾ ಇದ್ದೀರಮ್ಮ?” ಎಂದರು ನ್ಯಾಯಾಧೀಶರು.

“ಹಪ್ಪಳ ಒಣಗಿಸ್ತಾ ಇದೀನಿ ಸ್ವಾಮಿ. ದಿನಾ ಹಾಕ್ತೀನಿ. ಯಾರು ಹೇಳಿದ್ರೂ ಕೇಳಲ್ಲ. ನಾನು ಬಹಳ ಜಗಳಗಂಟಿ.”

“ಮಳೆಯಲ್ಲಿ?”

“ನಮ್ಮ ಮನೆತನದಾಗೆ ಹಂಗೇ.”

ನ್ಯಾಯಾಧೀಶರು ಬಗ್ಗಿ ಒಂದು ಹಪ್ಪಳ ಎತ್ತಿಕೊಂಡರು. ಕೊಡೆಯ ಹಿಡಿಗೆ ಮೆಲ್ಲಗೆ ಬಡಿದರು. ಟಣ್ ಎಂದಿತು. ಅವರು ಅದನ್ನು ತಿರುಗಿಸಿ ನೋಡಿ, “ನಮ್ಮಮ್ಮನೂ ಹಪ್ಪಳ ಮಾಡ್ತಿದ್ದರು. ಮೋಡ ಕಂಡರೆ ಸಾಕು, ಸ್ಕೂಲಿಂದ ನಮ್ಮನ್ನ ಕರೆಸಿ ಒಳಗೆ ತೆಗೆಸ್ತಿದ್ದರು. ಇದು ಯಾವ ವರ್ಷದ್ದಮ್ಮ?” ಅಂದರು.

“ಸ್ವಾಮಿ, ಹಪ್ಪಳದ ವಯಸ್ಸು ಈ ಅರ್ಜಿಯಲ್ಲಿ ವಿವಾದದ ಅಂಶವಲ್ಲ” ಎಂದರು ಪಂಚಾಕ್ಷರಿ.

“ನಿನ್ನೆ ಮಾಡಿದ್ದು” ಎಂದರು ಹಾಲಮ್ಮ.

ಖಾಸಿಂ ಸಾಬರು ಅತ್ತ ತಿರುಗಿ ಕೆಮ್ಮಿದರು. ನ್ಯಾಯಾಧೀಶರು ಹಪ್ಪಳವನ್ನು ಸಾಲಿನಲ್ಲಿ ಅದರ ಜಾಗಕ್ಕೇ ಇಟ್ಟು, ಕಾಲಿನಿಂದ ಯಾವುದನ್ನೂ ತುಳಿಯದೆ, ಬೆರಳೂರಿ ದಾಟಿ ನನ್ನ ಹತ್ತಿರ ಬಂದರು. ಗೇಟಿನೊಳಗೆ ಸೈಕಲ್ ನಿಂತಿತ್ತು. ಅದರ ಮೇಲೆ ಹೊದಿಸಿದ್ದ ಹಳೆಯ ಪಂಚೆ ನೋಡಿದರು. “ಸೋಮವಾರ ಬನ್ನಿ” ಎಂದಷ್ಟೇ ಹೇಳಿದರು.

ಅವರು ಹೋದಮೇಲೆ ಹಾಲಮ್ಮ ಬೀದಿಯಲ್ಲೇ ಕೂತುಬಿಟ್ಟರು. “ನನ್ನಿಂದ ಕೆಟ್ಟಿತೇನೇ? ನಾನು ಹಾಕದೇ ಇದ್ದಿದ್ರೇ ಸರಿ ಇತ್ತೇನೇ? ಮಳೆ ಅಂತ ಇವತ್ತು ಹಾಕಿಲ್ಲ ಅಂದ್ಕೊಂಡಿರ್ತಿದ್ರೇನೋ!” ನಾನು ತೋಳು ಹಿಡಿದು ಎಬ್ಬಿಸಿದೆ. ಇಬ್ಬರೂ ಸೇರಿ ನಲವತ್ತು ಹಪ್ಪಳ ಒರೆಸಿ ಡಬ್ಬಿಗೆ ಹಾಕಿದೆವು.

ಸೋಮವಾರ ಕೋರ್ಟಿನಲ್ಲಿ ನಮ್ಮ ಬೀದಿಯ ಅರ್ಧ ಜನ ಇದ್ದರು. ಹಾಲಮ್ಮ ನನ್ನ ಪಕ್ಕದಲ್ಲಿ, ನನ್ನ ಸೆರಗು ಹಿಡಿದು ಕೂತಿದ್ದರು. ಎದುರು ಪಕ್ಷದವರು ಆಚೆ ಕೂರಬೇಕು ಎಂದು ಯಾರೋ ಹೇಳಿದರು. “ಮಂಡಿ ನೋವು, ಎದ್ದೇಳಕ್ಕಾಗಲ್ಲ” ಎಂದು ಅವರು ಅಲ್ಲಾಡಲಿಲ್ಲ.

ಖಾಸಿಂ ಸಾಬರು ಅವತ್ತು ತುಂಬ ನಿಧಾನವಾಗಿ ಕೂಗಿದರು. ಒಂದೊಂದು ಕೂಗಿನ ನಡುವೆ ನೀರು ಕುಡಿದರು. ಅವರು ನನಗಾಗಿ ಹಾಗೆ ಮಾಡಿದರೆಂದು ಆಮೇಲೆ ತಿಳಿಯಿತು. ಮೂರನೆಯ ಕೂಗಿಗೆ ಕಟಕಟೆಯಲ್ಲಿ ಗಂಟಲು ಸರಿಮಾಡಿಕೊಂಡ ಸದ್ದು.

“ಇದ್ದೀನಿ ಸ್ವಾಮಿ.”

“ಮೇಷ್ಟರೇ,” ಎಂದರು ನ್ಯಾಯಾಧೀಶರು, “ನಿಮ್ಮ ಅರ್ಜಿಯಿಂದ ಇನ್ನೂ ಏನಾದರೂ ಆಗಬೇಕಾ?”

ನಾನು ಅವನಿಂದ ಎರಡು ವರ್ಷದಲ್ಲಿ ಎರಡೇ ಮಾತು ಕೇಳಿದ್ದೆ. ಮೂರನೆಯದು ಏನಿರಬಹುದೆಂದು ಊಹಿಸುವ ಶಕ್ತಿ ನನ್ನಲ್ಲಿ ಇರಲಿಲ್ಲ.

“ಸೈಕಲ್ ಈಚೆ ತರೋಕೆ ದಾರಿ ಆಗಿದೆಯಾ ಸ್ವಾಮಿ?”

“ಅದನ್ನ ನಾನು ಹೇಳೋದು ಸರಿಯಲ್ಲ. ನಿಮ್ಮ ಮನೆಯವರು ಇಲ್ಲೇ ಇದ್ದಾರೆ. ಅವರು ಹೇಳಲಿ.”

ಎಲ್ಲರೂ ನನ್ನ ಕಡೆ ತಿರುಗಿದರು. ಎದ್ದು ನಿಂತೆ. ಹಾಲಮ್ಮ ಕೆಳಗಿನಿಂದ ನನ್ನ ಮೊಣಕೈ ಚಿವುಟಿ, “ಇಲ್ಲ ಅನ್ನು. ಇಲ್ಲ ಅಂದ್ಬಿಡು” ಎಂದು ಪಿಸುಗುಟ್ಟಿದರು. ಪಿಸುಮಾತು ಇಡೀ ಕೋರ್ಟಿಗೆ ಕೇಳಿಸಿತು. ಇಲ್ಲ ಎಂದರೆ ಅರ್ಜಿ ಉಳಿಯುತ್ತಿತ್ತು. ಹೊಸ ತಾರೀಖು ಸಿಗುತ್ತಿತ್ತು. ಗಂಟಲು ಸರಿಮಾಡಿಕೊಳ್ಳುವ ಆ ಸದ್ದು ಇನ್ನೆಷ್ಟು ಸಲವಾದರೂ ಸಿಗುತ್ತಿತ್ತು. ಅವನು ಎದ್ದು ಬರುತ್ತಿದ್ದ, ಕರೆದಾಗಲೆಲ್ಲ.

“ದಾರಿ ಇದೆ” ಎಂದೆ. “ಸೈಕಲನ್ನು ನಾನೇ ಈಚೆ ತೆಗೆದಿಲ್ಲ.”

“ಹಾಗಾ.” ಅವನ ದನಿ ಈಗ ನ್ಯಾಯಾಧೀಶರ ಕಡೆಗಿರಲಿಲ್ಲ. “ಹಾಗಾದ್ರೆ ಗಾಳಿ ಹೊಡೆಸ್ಬೇಕಾಗುತ್ತೆ ನೀಲಾ. ಹಿಂದಿನ ಚಕ್ರ ಬೇಗ ಬಿಡುತ್ತೆ. ನೋಡ್ಕೋ.”

“ಹೂಂ” ಎಂದೆ.

“ಹಾಲಮ್ಮನವರು ಬಂದಿದಾರಾ?”

“ಬಂದಿದೀನಪ್ಪಾ!” ಹಾಲಮ್ಮ ಮಂಡಿ ಮರೆತು ಎದ್ದುನಿಂತರು. “ಹಪ್ಪಳ ನಿಲ್ಲಿಸ್ಬೇಕು ಅಂತ ನನ್ ಹೊಟ್ಟೆ ಮೇಲೆ ಹೊಡಿಯಕ್ಕೆ ಬಂದ್ಯಲ್ಲೋ! ನಿಲ್ಲಿಸಿಬಿಟ್ಟೆ, ಹೋಗು!”

“ನಿಲ್ಲಿಸ್ಬೇಕು ಅಂತ ನಾನು ಕೇಳಲೇ ಇಲ್ವಲ್ಲಮ್ಮ. ನಕ್ಷೆ ನೋಡ್ಲಿಲ್ವಾ?”

ಹಾಲಮ್ಮನಿಗೆ ಓದಲು ಬಾರದು. ನೋಟೀಸು ತಂದ ಅಮೀನರು ಏನೋ ಹೇಳಿದ್ದರು, ಅವರು ಏನೋ ತಿಳಿದುಕೊಂಡಿದ್ದರು. ಕಡತ ತೆಗೆದು ನೋಡುವುದಕ್ಕೆ ನಮ್ಮೂರಿನಲ್ಲಿ ಯಾರಿಗೆ ಬೇಕಿತ್ತು? ನಾನೂ ನೋಡಿರಲಿಲ್ಲ. ನ್ಯಾಯಾಧೀಶರು ಕಡತದ ಕೊನೆಯ ಹಾಳೆ ಬಿಡಿಸಿ, ಖಾಸಿಂ ಸಾಬರ ಕೈಗೆ ಕೊಟ್ಟು ಹಾಲಮ್ಮನ ಮುಂದೆ ಹಿಡಿಸಿದರು. ನಮ್ಮ ಬೀದಿ. ಬರೆದದ್ದು ಅವನ ಕೈ. ಒಂದೊಂದು ಹಪ್ಪಳವನ್ನೂ ಗುಂಡಗೆ ಬರೆದು, ಮೆಣಸಿನ ಚೂರಿಗೊಂದು ಚುಕ್ಕೆ ಇಟ್ಟಿದ್ದ. ನಮ್ಮ ಗೇಟಿನಿಂದ ಹಪ್ಪಳಗಳ ನಡುವೆ ನೀಲಿ ಶಾಯಿಯಲ್ಲಿ ಒಂದೇ ಒಂದು ದಾರಿ. ಪಕ್ಕದಲ್ಲಿ ‘ಒಂದು ಮೊಳ’ ಎಂದು ಬರೆದಿತ್ತು. ಅಷ್ಟು ದಾರಿ ಬಿಡಿಸಿಕೊಡಬೇಕೆಂದು ಅವನ ಪ್ರಾರ್ಥನೆ. ಆ ದಾರಿ ನೇರವಾಗಿರಲಿಲ್ಲ. ನಡುವೆ ಒಂದು ಕಡೆ ಬಳಸಿ ಹೋಗಿತ್ತು. ಬಳಸಿದ ಜಾಗದಲ್ಲಿ ಕೋಲು ಹಿಡಿದು ಕೂತ ಒಬ್ಬ ಹೆಂಗಸಿನ ಚಿತ್ರ.

ಹಾಲಮ್ಮ ಚಿತ್ರದ ಮೇಲೆ ಬೆರಳಿಟ್ಟರು.

“ಇದು ನಾನೇನೇ?”

“ನೀವೇ.”

“ಮೂಗು ಇಷ್ಟು ದಪ್ಪ ಇಲ್ಲ ನಂದು.” ಆಮೇಲೆ ಕಟಕಟೆಯ ಕಡೆ ತಿರುಗಿ, “ಒಂದು ಮೊಳಾನಾ? ಅಷ್ಟೇನಾ? ಬಾಯಿಬಿಟ್ಟು ಕೇಳಿದ್ರೆ ಆಗ್ತಿರಲಿಲ್ವೇನೋ? ಕೊಟ್ಟೆ, ಹೋಗಪ್ಪಾ!” ಅಂದರು.

“ಕೇಳಕ್ಕೆ ಬಂದಾಗ ಕೋಲು ಎತ್ತಿದ್ರಲ್ಲ ನೀವು” ಎಂದಿತು ಕಟಕಟೆ.

ಆಗ ನನಗೆ ನಗು ಬಂತು. ತಡೆದುಕೊಳ್ಳಲು ಸೆರಗು ಬಾಯಿಗೆ ಒತ್ತಿದೆ. ಸೆರಗು ಒದ್ದೆಯಾಯಿತು. ಕೋರ್ಟೆಲ್ಲ ನಗುತ್ತಿತ್ತು. ಖಾಸಿಂ ಸಾಬರು “ಸದ್ದು! ಸದ್ದು!” ಎಂದು ತಾವೇ ನಗುತ್ತ ಕೂಗಿದರು.

ಗದ್ದಲ ಇಳಿದ ಮೇಲೆ ಅವನು ಗಂಟಲು ಸರಿಮಾಡಿಕೊಂಡ. “ಸಾಕು ಸ್ವಾಮಿ” ಎಂದ.

ನ್ಯಾಯಾಧೀಶರು ಕನ್ನಡಕ ತೆಗೆದು ಒರೆಸಿ, ಮತ್ತೆ ಹಾಕಿಕೊಂಡು ಬರೆದರು. ಅರ್ಜಿಯಿಂದ ಈಗ ಪ್ರಯೋಜನ ಉಳಿದಿಲ್ಲವಾದ್ದರಿಂದ ಮುಕ್ತಾಯಗೊಳಿಸಿದೆ. ನಕ್ಷೆಯನ್ನು ಅರ್ಜಿದಾರರ ಹೆಂಡತಿಗೆ ಕೊಡತಕ್ಕದ್ದು. ಖಾಸಿಂ ಸಾಬರು ಮುಂದಿನ ಹೆಸರು ಕೂಗಿದರು.

ಒಂದು ವಾರ ನಾನು ಮನೆಯಲ್ಲೇ ಇದ್ದೆ. ಆ ವಾರದ ಬಗ್ಗೆ ಬರೆಯುವುದಿಲ್ಲ. ಎಂಟನೆಯ ದಿನ ಬಿಸಿಲು ಬಂತು. ಹಾಲಮ್ಮ ಒಂದು ಪರಾತದಲ್ಲಿ ಉದ್ದಿನ ಹಿಟ್ಟು ಹೊತ್ತು ಬಾಗಿಲಲ್ಲಿ ನಿಂತಿದ್ದರು.

“ನಂಗೆ ಮಂಡಿ ಇಲ್ಲ, ನಿಂಗೆ ಕೆಲಸ ಇಲ್ಲ. ಲಟ್ಟಿಸು ಬಾ.”

“ನನಗೆ ಬರುವುದಿಲ್ಲ.”

“ಅಷ್ಟು ಓದಿದೋಳಿಗೆ ಗುಂಡಗೆ ಲಟ್ಟಿಸಕ್ಕೆ ಬರಲ್ವಾ?” ಒಂದು ಚೂರು ಹಿಟ್ಟು ಮುರಿದು ನನ್ನ ಬಾಯಿಗಿಟ್ಟರು. “ಉಪ್ಪು ಸರಿ ಐತಾ?”

ಅಭ್ಯಾಸಬಲದಿಂದ ‘ಸರಿ ಇದೆ’ ಎನ್ನಲು ಹೊರಟೆ. ನಾಲಗೆ ತಡೆಯಿತು. “ಜಾಸ್ತಿ ಆಯ್ತು” ಎಂದೆ. “ಇಂಗು ಹಾಕೋದು ಮರೆತಿದ್ದೀರಿ.”

ಹಾಲಮ್ಮ ಪರಾತ ಕೆಳಗಿಟ್ಟರು. ಅವರ ಮುಖ ಅರಳಿತು, ಆದರೆ ಬಾಯಿ ಬಯ್ಯುವುದನ್ನು ಬಿಡಲಿಲ್ಲ. “ನೋಡ್ರಪ್ಪಾ, ಎರಡು ವರ್ಷ ಸರಿ ಸರಿ ಅಂತ ನುಂಗಿದೋಳು ಇವತ್ತು ತಪ್ಪು ತೆಗಿತಾಳೆ! ನಲವತ್ತು ವರ್ಷ ನನ್ ಹಪ್ಪಳಕ್ಕೆ ಯಾರೂ ಹೆಸರಿಟ್ಟಿಲ್ಲ!” ಎನ್ನುತ್ತಲೇ ಇಂಗು ತರಲು ಓಡಿದರು. ಅಂದರೆ ಕುಂಟಿದರು.

ನಾನು ಲಟ್ಟಿಸಿದವು ಯಾವುವೂ ಗುಂಡಗೆ ಬರಲಿಲ್ಲ. ಹಾಲಮ್ಮ ಅವನ್ನು ಒಂದೊಂದಾಗಿ ಎತ್ತಿ ನೋಡಿ ನಿಟ್ಟುಸಿರು ಬಿಟ್ಟು, ಹೊರಗೆ ಕೊಂಡೊಯ್ದು ಹಾಕಿದರು. ಕೋರ್ಟಿನ ಹಪ್ಪಳಗಳ ಡಬ್ಬಿಯನ್ನು ಏನು ಮಾಡಬೇಕೆಂದು ಕೇಳಿದೆ. “ಇರ್ಲಿ ಬಿಡು. ಆ ನ್ಯಾಯಾಧೀಶಂಗೆ ಕಳಿಸಾಣ, ನಿನ್ನೆ ಮಾಡಿದ್ದು ಅಂತ” ಎಂದರು.

ಮಧ್ಯಾಹ್ನ ಸೈಕಲಿನ ಮೇಲಿನ ಪಂಚೆ ತೆಗೆದು ಮಡಿಸಿಟ್ಟೆ. ಪಂಪು ತಂದು ಎರಡೂ ಚಕ್ರಕ್ಕೆ ಗಾಳಿ ಹೊಡೆದೆ. ಹಿಂದಿನದಕ್ಕೆ ಸ್ವಲ್ಪ ಹೆಚ್ಚು. ಗೇಟು ತೆಗೆದೆ. ಬೀದಿಯ ತುಂಬ ಹಪ್ಪಳ, ನನ್ನ ಕೈಯಿನ ಸೊಟ್ಟ ಹಪ್ಪಳ. ಅವುಗಳ ನಡುವೆ ನಮ್ಮ ಗೇಟಿನಿಂದ ಹೊರಟು ಒಂದು ಮೊಳ ಅಗಲದ ದಾರಿ. ಹಾಲಮ್ಮ ಮೊಳಕೈ ಊರಿ ಊರಿ ಅಳೆದ ಗುರುತು ಮಣ್ಣಿನಲ್ಲಿ ಇನ್ನೂ ಇತ್ತು. ನಡುವೆ ದಾರಿ ಬಳಸಿತ್ತು. ಬಳಸಿದ ಕಡೆ ಅವರು ಕೋಲು ಹಿಡಿದು ಕೂತಿದ್ದರು.

ನಾನು ಸೈಕಲ್ ಹತ್ತಿದೆ. ಕಾಲೇಜು ಬಿಟ್ಟಮೇಲೆ ಹತ್ತಿದ್ದು ಅದೇ ಮೊದಲು. ಹ್ಯಾಂಡಲ್ ಓಲಾಡಿತು.

“ಬೆಲ್ ಹೊಡಿಯೇ!” ಎಂದರು ಹಾಲಮ್ಮ, ಕಾಲು ಒಳಗೆಳೆದುಕೊಳ್ಳುತ್ತ. “ಒಂದು ಹಪ್ಪಳ ಮುಟ್ಟಿದ್ರೆ ನೋಡು, ಈ ಸಲ ಅರ್ಜಿ ಹಾಕೋಳು ನಾನು!”

ಬೆಲ್ ಹೊಡೆದೆ. ಅವರನ್ನು ಬಳಸಿಕೊಂಡು, ಯಾವುದನ್ನೂ ಮುಟ್ಟದೆ, ಬೀದಿಯ ತುದಿಗೆ ಬಂದೆ.